ಗುಳೇದಗುಡ್ಡ ರೋಡ್: ಒಂದು ಸ್ಟೇಷನ್ನಿನ ಕಥೆ

ಇಳಕಲ್ ಸೀರೆಗೆ ಗುಳೇದಗುಡ್ಡದ ಖಣವೇ ಜೋಡಿ ಎಂಬುದು ನಮ್ಮ ಭಾಗದಲ್ಲಿ ಎಲ್ಲರೂ ಬಲ್ಲ ಮಾತು. ಆದರೆ ಬಾದಾಮಿ–ಬಾಗಲಕೋಟೆ ನಡುವೆ ರೈಲು ನಿಲ್ಲುವುದು ಗುಳೇದಗುಡ್ಡ ಊರಲ್ಲಲ್ಲ, ದೂರದ ‘ಗುಳೇದಗುಡ್ಡ ರೋಡ್’ ಸ್ಟೇಷನ್ನಿನಲ್ಲಿ.

1876–78ರ ಭೀಕರ ಬರದಲ್ಲಿ ಹೊರಗಿನ ಧಾನ್ಯ ನಮ್ಮ ಹಳ್ಳಿಗಳಿಗೆ ಸಕಾಲಕ್ಕೆ ತಲುಪಲಿಲ್ಲ. ಬಂಡಿ ಎಳೆಯಬೇಕಾದ ಎತ್ತುಗಳೇ ಮೇವಿಲ್ಲದೆ ಸತ್ತವು. ಆ ಅನುಭವದ ಬೆನ್ನಲ್ಲೇ 1882ರಲ್ಲಿ ಸದರ್ನ್ ಮರಾಠಾ ರೈಲ್ವೆ ಕಂಪನಿ ಸ್ಥಾಪನೆಯಾಯಿತು. ಅದೇ ದಶಕದಲ್ಲಿ ಹೊಟಗಿ–ಗದಗ ಮೀಟರ್‌ಗೇಜ್ ಮಾರ್ಗ ಸಿದ್ಧವಾಯಿತು. ಹಳಿ ಊರಿಂದ ದೂರ ಹಾದುಹೋದಲ್ಲಿ ಸ್ಟೇಷನ್ನಿಗೆ ಆ ಊರಿನ ಹೆಸರಿನ ಜೊತೆ ‘ರೋಡ್’ ಸೇರಿಸುವುದು ರೈಲ್ವೆಯವರ ರೂಢಿ. ಇಲ್ಲಿ ಇಳಿದು ರಸ್ತೆ ಹಿಡಿಯಿರಿ ಎಂದು ಅದರ ಅರ್ಥ.

ಇಂಥ ಸ್ಟೇಷನ್ನುಗಳನ್ನು ನಡೆಸಿದವರು ಸ್ಟೇಷನ್ ಮಾಸ್ತರರು, ಪಾಯಿಂಟ್ಸ್‌ಮನ್ನರು, ಬಿಸಿಲು ಮಳೆಯೆನ್ನದೆ ಹಳಿ ಕಾಯ್ದ ಗ್ಯಾಂಗ್‌ಮನ್ನರು. ಈ ಶತಮಾನದ ಮೊದಲ ದಶಕದಲ್ಲಿ ಮೀಟರ್‌ಗೇಜ್ ಹೋಗಿ ಬ್ರಾಡ್‌ಗೇಜ್ ಬಂತು. ಕಂಪನಿಯ ಹೆಸರು ಪುಸ್ತಕಗಳಲ್ಲಿ ಉಳಿಯಿತು. ದುಡಿದವರ ಹೆಸರು ಮನೆಯ ಹಿರಿಯರ ನೆನಪಿನಲ್ಲಷ್ಟೇ ಇದೆ.

ನಮ್ಮ ರಾಮಥಾಳಕ್ಕೆ ರೈಲು ಬಂದಿಲ್ಲ. ಆದರೂ ಆ ಹಳಿಯ ಮೇಲೆ ದುಡಿದವರು, ಆ ಗಾಡಿ ಹತ್ತಿ ದೂರ ಹೋದವರು ನಮ್ಮ ಬಂಧುಬಳಗದಲ್ಲೂ ಇರಬಹುದು. ವಿದ್ಯಾರ್ಥಿಗಳೇ, ಹಿರಿಯರು ಇರುವಾಗಲೇ ಕೇಳಿ ಬರೆದಿಟ್ಟುಕೊಳ್ಳಿರಿ. ನಮ್ಮ ಸೀಮೆಯ ಇತಿಹಾಸ ಅದೇ.