ಬಾಲದ ಚಿಟ್ಟೆಗಳ ಗುರುತು: ರೆಕ್ಕೆಯ ಕೀಲಿ ಮತ್ತು ಮರಿಹುಳುವಿನ ಕೀಲಿ

ಹೇರ್‌ಸ್ಟ್ರೀಕ್ ಎಂದು ಕರೆಯಲಾಗುವ ಚಿಟ್ಟೆಗಳು, ಅಂದರೆ ಹಿಂದಿನ ರೆಕ್ಕೆಯ ತುದಿಯಲ್ಲಿ ಕೂದಲೆಳೆಯಂಥ ಬಾಲವನ್ನೂ ಅದರ ಬುಡದಲ್ಲಿ ಕಣ್ಣಿನಂಥ ಚುಕ್ಕೆಯನ್ನೂ ಹೊತ್ತ, ಲೈಕೆನಿಡೇ ಕುಟುಂಬದ ಥೆಕ್ಲಿನೇ ಉಪಕುಟುಂಬದ ಸಣ್ಣ ಚಿಟ್ಟೆಗಳು, ಮಲೆನಾಡಿನ ಸೊತ್ತೆಂಬ ಭಾವನೆ ಈಚಿನ ಚಿತ್ರಪುಸ್ತಕಗಳಿಂದ ಬಲಗೊಂಡಿದೆ. ಈಗ ಆಂಧ್ರದಲ್ಲಿರುವ ರಾಯದುರ್ಗ, ಕಣೇಕಲ್ಲು, ಮಡಕಶಿರಾ ಸೀಮೆಯ ಒಣಭೂಮಿಯಲ್ಲಿ ನೋಡುವಂಥದ್ದೇನಿದೆ ಎಂಬ ಈ ತಾತ್ಸಾರ ಸಲ್ಲದು. ಇಲ್ಲಿಯ ದಾಳಿಂಬೆ ಬೆಳೆಗಾರರು ‘ಹಣ್ಣು ಕೊರೆಯುವ ಹುಳು’ ಎಂದು ಬೈಯುವುದು ಈ ಗುಂಪಿನದೇ ಒಂದು ಚಿಟ್ಟೆಯ ಮರಿಯನ್ನು.

ಈ ಚಿಟ್ಟೆಗೆ 1793ರಲ್ಲಿ ಫ್ಯಾಬ್ರಿಸಿಯಸ್ ಐಸೊಕ್ರೇಟಿಸ್ ಎಂಬ ಹೆಸರಿಟ್ಟನು. 1830ರ ದಶಕದಲ್ಲಿ ವೆಸ್ಟ್‌ವುಡ್ ದಾಳಿಂಬೆಯೊಳಗಿನ ಅದರ ಮರಿಯ ಬಾಳುವೆಯನ್ನು ಬರೆದನು. ಮೂರ್, ಡಿ ನಿಸೆವಿಲ್, ಬಿಂಗ್‌ಹ್ಯಾಮ್ ಮುಂತಾದವರು ಮುಂದಿನ ದಶಕಗಳಲ್ಲಿ ಕುಲಗಳನ್ನು ಒಡೆದು ಕೂಡಿಸಿದರು. ಆದರೆ ಈ ಶಾಸ್ತ್ರಕ್ಕೆ ನಿಜವಾದ ಜೀವ ಬಂದದ್ದು ಕಾರವಾರದಲ್ಲಿ. ಅರಣ್ಯಾಧಿಕಾರಿ ಟಿ. ಆರ್. ಬೆಲ್, ಜೆ. ಡೇವಿಡ್‌ಸನ್ ಮತ್ತು ಇ. ಎಚ್. ಏಟ್ಕನ್ ಸೇರಿ ಉತ್ತರ ಕನ್ನಡ ಜಿಲ್ಲೆಯ ಚಿಟ್ಟೆಗಳ ಬಗ್ಗೆ 1896–97ರಲ್ಲಿ ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿಯ ಪತ್ರಿಕೆಯಲ್ಲಿ ಪ್ರಕಟಿಸಿದ ಬರಹಗಳಲ್ಲಿ, ಅನಂತರ 1909ರಿಂದ ಬೆಲ್ ಒಬ್ಬನೇ ಬರೆದ ಬಯಲುನಾಡಿನ ಚಿಟ್ಟೆಗಳ ಮಾಲೆಯಲ್ಲಿ, ಮೊಟ್ಟೆಯಿಂದ ಸಾಕಿ ನೋಡಿದವರು ಮಾತ್ರ ಹೇಳಬಲ್ಲ ಸಂಗತಿಗಳಿವೆ: ಮರಿ ಯಾವ ಗಿಡವನ್ನು ತಿನ್ನುತ್ತದೆ, ಎಲ್ಲಿ ಅಡಗುತ್ತದೆ, ಯಾವ ಇರುವೆ ಅದನ್ನು ಕಾಯುತ್ತದೆ. ಲೈಕೆನಿಡ್ ಮರಿಗಳು ಚಪ್ಪಟೆಯಾಗಿದ್ದು ತಲೆಯನ್ನು ಮೈಯಡಿ ಹುದುಗಿಸಿಕೊಳ್ಳುತ್ತವೆ. ಹಲವು ಜಾತಿಗಳಲ್ಲಿ ಹೊಟ್ಟೆಯ ಏಳನೆಯ ಖಂಡದ ಮೇಲಿರುವ ಗ್ರಂಥಿ ಸಿಹಿರಸವನ್ನು ಒಸರಿ ಇರುವೆಗಳನ್ನು ಹತ್ತಿರವೇ ಇರಿಸಿಕೊಳ್ಳುತ್ತದೆ. ಎಲಚಿ ಪೊದೆಯಲ್ಲಿ ಬೆಳೆಯುವ ಕಾಮನ್ ಸಿಲ್ವರ್‌ಲೈನ್ ಮರಿಯ ಸುತ್ತ ಹಿಂಭಾಗವನ್ನೆತ್ತಿ ಓಡಾಡುವ ಕ್ರೆಮಟೊಗಾಸ್ಟರ್ ಇರುವೆಗಳನ್ನು ಕಂಡವರಿಗೆ ಆ ಮರಿಯ ಗುರುತು ಅರ್ಧ ಸಿಕ್ಕಂತೆಯೇ (ಸಿಲ್ವರ್‌ಲೈನ್‌ಗಳನ್ನು ಇಂದು ಬೇರೊಂದು ಉಪಕುಟುಂಬದಲ್ಲಿ ಇಡುತ್ತಾರೆ, ಆದರೆ ಹಳಬರು ಅವನ್ನು ಹೇರ್‌ಸ್ಟ್ರೀಕ್‌ಗಳ ಜೊತೆಗೇ ಓದಿದರು).

1927ರಲ್ಲಿ ಇವಾನ್ಸ್ ರಚಿಸಿದ ಕೀಲಿಯೂ (ಲಕ್ಷಣಗಳನ್ನು ಒಂದೊಂದಾಗಿ ಹೋಲಿಸಿ ಜಾತಿಯ ಹೆಸರಿಗೆ ಒಯ್ಯುವ ಪಟ್ಟಿ), ಅದರ ಲೈಕೆನಿಡ್ ಭಾಗವನ್ನು ಪರಿಷ್ಕರಿಸಿ 1962ರಲ್ಲಿ ಕ್ಯಾಂಟ್ಲಿ ಹೊರತಂದ ಪುಸ್ತಕವೂ ಸತ್ತ ಚಿಟ್ಟೆಯ ರೆಕ್ಕೆಯಿಂದ ಜಾತಿಯನ್ನು ನಿರ್ಣಯಿಸುವ ಕೆಲಸವನ್ನು ಅಚ್ಚುಕಟ್ಟುಗೊಳಿಸಿದವು. ಆ ಅನುಕೂಲವೇ ಮರಿಯನ್ನು ಸಾಕುವ ಶ್ರಮವನ್ನು ಅನಗತ್ಯವೆನ್ನಿಸಿತು. ಮರಿಹುಳುಗಳ ಜ್ಞಾನ ಕೃಷಿ ಕೀಟಶಾಸ್ತ್ರಜ್ಞರ ಪಾಲಾಯಿತು. ಅದರ ಆರಂಭ ಇವಾನ್ಸ್‌ನಿಗಿಂತ ಮೊದಲೇ ಆಗಿತ್ತು: ಕೀಟಶಾಸ್ತ್ರಜ್ಞ ಫ್ಲೆಚರ್ 1914ರಲ್ಲಿ ಮದರಾಸು ಪ್ರಾಂತ್ಯದ ಕೀಟಗಳ ಬಗ್ಗೆ ದೊಡ್ಡ ಗ್ರಂಥವನ್ನು ಪ್ರಕಟಿಸಿದಾಗ ರಾಯದುರ್ಗವೂ ಆ ಪ್ರಾಂತ್ಯದ ಬಳ್ಳಾರಿ ಜಿಲ್ಲೆಯಲ್ಲೇ ಇತ್ತು. ಚಿಟ್ಟೆ ನೋಡುವವರು ಪೀಡೆಯ ವರದಿಗಳನ್ನು ಓದಲಿಲ್ಲ, ಪೀಡೆ ಓದುವವರು ಬೆಲ್‌ನನ್ನು ತೆರೆಯಲಿಲ್ಲ.

ಇದರ ಫಲ ತೋಟದಲ್ಲಿ ಕಾಣುತ್ತದೆ. ದಾಳಿಂಬೆಯನ್ನು ಕೊರೆಯುವವರು ಒಬ್ಬರಲ್ಲ. ಔಡಲದ ಕಾಯಿ ಕೊರೆಯುವ ಕೊನೊಗೆಥಿಸ್ ಎಂಬ ಪತಂಗದ ಮರಿಯೂ ಅಲ್ಲಿಗೆ ಬರುತ್ತದೆ. ಪತಂಗದ ಮರಿ ನಸುಗೆಂಪಾಗಿ, ಸಪೂರವಾಗಿ, ಮೈಮೇಲೆ ಕಪ್ಪು ಚುಕ್ಕೆಗಳಿಂದ ಕೂಡಿರುತ್ತದೆ. ಐಸೊಕ್ರೇಟಿಸ್ ಮರಿ ಗಿಡ್ಡ, ದಪ್ಪ, ಕಡುಗಂದು. ಮೈಮೇಲೆ ಮೋಟು ಕೂದಲುಗಳೂ ಬಿಳಿಚಿದ ಪಟ್ಟೆಗಳೂ ಇದ್ದು, ಹಿಂತುದಿ ಚಪ್ಪಟೆ ತಟ್ಟೆಯಂತಿದ್ದು, ಅದು ಕೊರೆದ ರಂಧ್ರಕ್ಕೆ ಮುಚ್ಚಳವಾಗುತ್ತದೆ. ಕೊಳೆಯತೊಡಗಿದ ಹಣ್ಣು ಉದುರದಂತೆ ಮರಿ ಹೊರಬಂದು ತೊಟ್ಟನ್ನು ಕೊಂಬೆಗೆ ರೇಷ್ಮೆಯಿಂದ ಬಿಗಿಯುವುದನ್ನೂ ಹಳೆಯ ವೀಕ್ಷಕರು ಬರೆದಿದ್ದಾರೆ. ಹೀಗೆ ಬಿಗಿದ ತೊಟ್ಟು ಯಾವ ಚಿತ್ರಕ್ಕಿಂತಲೂ ನಂಬಿಕಸ್ಥ ಗುರುತು. ಕೋಶದಿಂದ ಹೊರಬಿದ್ದ ಗಂಡು ಚಿಟ್ಟೆಯ ರೆಕ್ಕೆ ಮೇಲೆ ನೀಲಿ-ನೇರಳೆ ಹೊಳಪಿನದು, ಹೆಣ್ಣಿನದು ಕಂದು, ಮುಂದಿನ ರೆಕ್ಕೆಯಲ್ಲಿ ಕಿತ್ತಳೆ ಮಚ್ಚೆಯುಳ್ಳದ್ದು.

2000ದಲ್ಲಿ ಬಂದ ಕೃಷ್ಣಮೇಘ ಕುಂಟೆಯವರ ಪುಸ್ತಕ ಮತ್ತು 2008ರಲ್ಲಿ ಬಂದ ಐಸಾಕ್ ಕೆಹಿಮ್ಕರ್ ಅವರ ಪುಸ್ತಕ ಹೊಸ ಪೀಳಿಗೆಯನ್ನು ಹೊಲಕ್ಕಿಳಿಸಿದವು. ಬೆಂಗಳೂರಿನ ಹೊರವಲಯದ ಹೆಸರಘಟ್ಟ ಹುಲ್ಲುಗಾವಲಿನಲ್ಲಿ ಅಪರೂಪದ ಲೈಲಾಕ್ ಸಿಲ್ವರ್‌ಲೈನ್ ಮರಳಿ ಪತ್ತೆಯಾದದ್ದು ಒಣನೆಲದ ಬಗೆಗಿನ ತಾತ್ಸಾರಕ್ಕೆ ಒಳ್ಳೆಯ ಉತ್ತರ. ತೋಟದ ಪೀಡೆಗಳನ್ನು ಅಧ್ಯಯನ ಮಾಡುವ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆಯೂ ಅದೇ ಹೆಸರಘಟ್ಟದಲ್ಲಿದೆ. ಚಿಟ್ಟೆ ನೋಡುವವರು, ಪೀಡೆ ಓದುವವರು ಎಂಬ ಈ ಎರಡು ಶಾಲೆಗಳ ನಡುವಿನ ಅಂತರವನ್ನು ಮೈಲಿಯಲ್ಲಿ ಅಳೆಯಲಾಗದು.

1953ರಲ್ಲಿ ರಾಯದುರ್ಗ ಆಂಧ್ರಕ್ಕೆ ಸೇರಿದ ಮೇಲೆ ಈ ಸೀಮೆ ಕರ್ನಾಟಕದ ಚಿಟ್ಟೆ ಪಟ್ಟಿಗಳ ಹೊರಗುಳಿಯಿತು, ಆಂಧ್ರದ ಆಸಕ್ತಿ ನಲ್ಲಮಲದ ಕಾಡುಗಳತ್ತ ಹೋಯಿತು. ವೇದಾವತಿಯ ದಡದ ಮರಳುಗುಡ್ಡೆಗಳ ನಡುವಿನ ಎಲಚಿ, ಕಾರೆ ಪೊದೆಗಳನ್ನು ತಿರುವಿ ನೋಡುವ ಹೊಣೆ ಯಾರಿಗೂ ಸೇರದಾಯಿತು. ದಾಳಿಂಬೆಗೆ ನೀರು ನಿಲ್ಲಿಸಿ, ಚಾಟನಿ (ಸವರುವಿಕೆ) ಮಾಡಿ, ಬಹಾರ್ (ಒಂದೇ ಹಂಗಾಮಿನ ಹೂ) ಹಿಡಿಯುವ ತೋಟಗಳಲ್ಲಿ ವರ್ಷದ ಕೆಲವು ತಿಂಗಳು ಕಾಯಿಯೇ ಇರುವುದಿಲ್ಲ. ಆ ತಿಂಗಳುಗಳಲ್ಲಿ ಐಸೊಕ್ರೇಟಿಸ್ ಹುಣಸೆ, ಸೀಬೆ, ಕಾರೆಗಳ ಪೈಕಿ ಯಾವುದರ ಕಾಯಿಯಲ್ಲಿ ಕಾಲ ಕಳೆಯುತ್ತದೆ ಎಂಬುದನ್ನು ಕಣೇಕಲ್ಲಿನ ಮಟ್ಟಿಗೆ ಹೇಳಬೇಕಾದರೆ ಆ ಕಾಯಿಗಳನ್ನು ಒಡೆದು, ಸಿಕ್ಕ ಮರಿಯನ್ನು ರೆಕ್ಕೆ ಬರುವ ತನಕ ಸಾಕಬೇಕಾಗುತ್ತದೆ.