ಇನ್ನೂರು ಮೀಟರಿನ ಲೆಕ್ಕ

ತಿಪಟೂರಿನ ನಕ್ಷೆಯೊಂದನ್ನು ಮೇಜಿನ ಮೇಲೆ ಹರಡಿ, ಊರಿನ ಒಂದೊಂದು ಗುಡಿ, ಮಸೀದಿ, ಶಾಲೆ, ಕಾಲೇಜು, ಆಸ್ಪತ್ರೆ, ನರ್ಸಿಂಗ್ ಹೋಮಿನ ಸುತ್ತಲೂ ಇನ್ನೂರು ಮೀಟರಿನ ಗೆರೆ ಎಳೆಯುತ್ತ ಹೋಗಿ. ಕೆಂಪಮ್ಮನ ಗುಡಿಯ ಗೆರೆ ಮುಗಿಯುವ ಮೊದಲೇ ಇನ್ಯಾವುದೋ ಶಾಲೆಯ ಗೆರೆ ಶುರುವಾಗುತ್ತದೆ. ಪೇಟೆಯೆಲ್ಲ ಒಂದಲ್ಲ ಒಂದು ಗೆರೆಯೊಳಗೆ ಸಿಕ್ಕಿಬೀಳುತ್ತದೆ. ಹೊರಗುಳಿಯುವುದು ಹೆಚ್ಚೂಕಡಿಮೆ ತೆಂಗಿನ ತೋಟಗಳೇ. ತುರುವೇಕೆರೆ, ಚಿಕ್ಕನಾಯಕನಹಳ್ಳಿ ಇನ್ನೂ ಚಿಕ್ಕ ಊರುಗಳು. ಅಲ್ಲಿ ಈ ಕೆಲಸ ಬೇಗ ಮುಗಿಯುತ್ತದೆ.

ಈ ಇನ್ನೂರು ಮೀಟರು 1956ರ ಅನೈತಿಕ ವ್ಯವಹಾರ ತಡೆ ಕಾಯ್ದೆಯ 7ನೇ ಕಲಮಿನದು. ಪೊಲೀಸರ ಬಾಯಲ್ಲೂ ಪತ್ರಿಕೆಗಳಲ್ಲೂ ಅದು ‘ಪಿಟಾ’. ದುಡ್ಡಿಗಾಗಿ ಮೈ ಒಪ್ಪಿಸುವ ವಯಸ್ಕ ಹೆಂಗಸು ಅಷ್ಟಕ್ಕೇ ಅಪರಾಧಿಯೆಂದು ಈ ಕಾಯ್ದೆ ಎಲ್ಲಿಯೂ ಹೇಳುವುದಿಲ್ಲ. ಗುಡಿಯಿಂದ, ಶಾಲೆಯಿಂದ ಇನ್ನೂರು ಮೀಟರಿನೊಳಗೆ ಆ ಕೆಲಸ ಮಾಡಿದರೆ ಮಾತ್ರ ಮೂರು ತಿಂಗಳವರೆಗೆ ಜೈಲು. ಬೀದಿಯಲ್ಲಿ ನಿಂತು ಗಿರಾಕಿಯನ್ನು ಕರೆದರೆ 8ನೇ ಕಲಮು. ಒಬ್ಬಳೇ ಇದ್ದರೆ ಅದು ಮನೆ. ಇಬ್ಬರು ಸೇರಿ ಬಾಡಿಗೆ ಹಂಚಿಕೊಂಡು ಅಲ್ಲೇ ದುಡಿದರೆ ‘ವೇಶ್ಯಾಗೃಹ’. ಅವಳ ದುಡಿಮೆಯಲ್ಲಿ ಉಣ್ಣುವ ಹದಿನೆಂಟು ದಾಟಿದ ಮಗನಾಗಲಿ ವಯಸ್ಸಾದ ತಾಯಿಯಾಗಲಿ 4ನೇ ಕಲಮಿನ ಅಂಚಿನಲ್ಲೇ ಇರುತ್ತಾರೆ. ಕೆಲಸ ಕಾನೂನಿಗೆ ವಿರುದ್ಧವಲ್ಲ, ಆದರೆ ಅದನ್ನು ಮಾಡುವ ಜಾಗ, ಕರೆಯುವ ಮಾತು, ಜೊತೆಗಾತಿ, ಮನೆಮಂದಿ ಎಲ್ಲವೂ ಕಾನೂನಿನ ಕಣ್ಣಲ್ಲಿ ಸಂಶಯ. ಇಂಥ ವಿಚಿತ್ರಕ್ಕೆ ನಮ್ಮ ನಾಡು ಬಂದು ಮುಟ್ಟಿದ ದಾರಿ ಉದ್ದವಾದದ್ದು.

ಈ ವೃತ್ತಿಗೆ ಸರ್ಕಾರದ ಮುದ್ರೆ ಒತ್ತುವುದು ಯುರೋಪಿನಿಂದ ಬಂದ ಹೊಸ ಯೋಚನೆ ಎಂದುಕೊಂಡವರು ಅರ್ಥಶಾಸ್ತ್ರವನ್ನು ತೆರೆದು ನೋಡಬೇಕು. ಗಣಿಕಾಧ್ಯಕ್ಷನೆಂಬ ಅಧಿಕಾರಿಯೇ ಅಲ್ಲಿದ್ದಾನೆ. ರೂಪಾಜೀವೆಯರು ತಿಂಗಳಿಗೆ ಎರಡು ದಿನದ ಸಂಪಾದನೆಯನ್ನು ತೆರಿಗೆ ಕಟ್ಟಬೇಕು. ನಮ್ಮಲ್ಲೇ ನೋಡುವುದಾದರೆ 1443ರಲ್ಲಿ ವಿಜಯನಗರಕ್ಕೆ ಬಂದ ರಾಯಭಾರಿ ಅಬ್ದುಲ್ ರಜಾಕ್, ಟಂಕಸಾಲೆಯ ಹಿಂದಿದ್ದ ಗಣಿಕೆಯರ ಬೀದಿಯನ್ನು ಬೆರಗಿನಿಂದ ವರ್ಣಿಸಿದ್ದಾನೆ. ನಗರದ ಕಾವಲಿಗಿದ್ದ 12 ಸಾವಿರ ಭಟರ ಸಂಬಳ ಆ ಮನೆಗಳ ತೆರಿಗೆಯಿಂದಲೇ ಬರುತ್ತಿತ್ತೆಂದೂ ಬರೆದಿದ್ದಾನೆ. ಇಂದಿನ ಮಾಮೂಲಿಗೆ ರಸೀದಿಯಿಲ್ಲ, ಅಂದು ರಾಜನ ಬೊಕ್ಕಸದ ಲೆಕ್ಕವಿತ್ತು. ಆದರೂ ಆ ಬೀದಿಯ ಒಡವೆ, ಸುಗಂಧ, ಆಸನಗಳ ಬಗ್ಗೆ ಇಷ್ಟೆಲ್ಲ ತಿಳಿಸುವ ಪ್ರವಾಸಿಗೆ ಅಲ್ಲಿನ ಹೆಂಗಸರ ದಿನದ ದುಡಿಮೆ ಹೇಗಿತ್ತೆಂದು ಕೇಳಬೇಕೆನಿಸಲಿಲ್ಲ.

ಅವನಿಗಿಂತ ಮುನ್ನೂರು ವರ್ಷ ಹಿಂದೆ ಒಬ್ಬಳು ತಾನೇ ಮಾತಾಡಿದ್ದಳು. ಹನ್ನೆರಡನೆಯ ಶತಮಾನದ ಶರಣೆ ಸೂಳೆ ಸಂಕವ್ವೆಯ ಒಂದೇ ಒಂದು ವಚನ ನಮಗೆ ಉಳಿದಿದೆ, ಅಂಕಿತ ನಿರ್ಲಜ್ಜೇಶ್ವರ. ಒಬ್ಬನಿಂದ ಒತ್ತೆ ಹಿಡಿದ ಮೇಲೆ ಇನ್ನೊಬ್ಬನ ಒತ್ತೆ ಹಿಡಿಯಬಾರದೆಂಬ ಕಸುಬಿನ ಕರಾರನ್ನೇ ಅವಳು ಭಕ್ತಿಯ ನಿಷ್ಠೆಗೆ ಅಳತೆಗೋಲು ಮಾಡಿಕೊಂಡಳು. ಕೆಲಸಕ್ಕೊಂದು ಕಟ್ಟುಪಾಡು ಇರುತ್ತದೆ, ಮಾತು ಕೊಟ್ಟರೆ ಉಳಿಸಿಕೊಳ್ಳಬೇಕು ಎಂಬುದನ್ನು ಈ ಕಸುಬಿನೊಳಗಿನಿಂದಲೇ ಹೇಳಿದ ದನಿ ಅದು. ಆಮೇಲೆ ಅಂಥದೊಂದು ದನಿ ಕೇಳಲು ನಾವು ಎಂಟು ಶತಮಾನ ಕಾಯಬೇಕಾಯಿತು.

ನಡುವೆ ಬಂದದ್ದು ಕಂಪನಿ, ಆಮೇಲೆ ರಾಣಿಯ ಸರ್ಕಾರ. ಗೋರಾ ಸಿಪಾಯಿಗಳಿಗೆ ಮೇಹರೋಗ ತಗಲುತ್ತದೆಂಬ ಆತಂಕದಿಂದ 1864ರ ದಂಡು ಕಾಯ್ದೆಯೂ 1868ರ ಸಾಂಕ್ರಾಮಿಕ ರೋಗಗಳ ಕಾಯ್ದೆಯೂ ಹುಟ್ಟಿದವು. ಬೆಂಗಳೂರು ದಂಡಿನಲ್ಲೂ ಬಳ್ಳಾರಿಯಲ್ಲೂ ‘ಲಾಕ್ ಆಸ್ಪತ್ರೆ’ಗಳು ನಡೆದವು. ಹೆಂಗಸರು ಹೆಸರು ನೋಂದಾಯಿಸಿ ಚೀಟಿ ಪಡೆಯಬೇಕು, ಕಾಲಕಾಲಕ್ಕೆ ತಪಾಸಣೆಗೆ ಬರಬೇಕು, ರೋಗವಿದ್ದರೆ ಗುಣವಾಗುವ ತನಕ ಒಳಗೇ ಇರಬೇಕು. ಸಿಪಾಯಿಗೆ ಈ ಯಾವುದೂ ಇರಲಿಲ್ಲ. ಕಾನೂನುಬದ್ಧ ದಂಧೆ ಎಂದರೆ ಏನೆಂಬುದಕ್ಕೆ ಕನ್ನಡ ನೆಲದಲ್ಲಿ ಸಿಗುವ ಅತ್ಯಂತ ಸ್ಪಷ್ಟ ಉದಾಹರಣೆ ಇದೇ. ಕಾನೂನು ಅವಳನ್ನು ಒಪ್ಪಿದ್ದು ಅವನ ಆರೋಗ್ಯಕ್ಕಾಗಿ. ಇಂಗ್ಲೆಂಡಿನಲ್ಲಿ ಜೋಸೆಫಿನ್ ಬಟ್ಲರ್ ಮುಂತಾದವರು ಹೂಡಿದ ಚಳವಳಿಯ ಬಿಸಿ ತಟ್ಟಿ 1888ರಲ್ಲಿ ಭಾರತದ ಕಾಯ್ದೆ ರದ್ದಾಯಿತು.

ಆಮೇಲಿನದು ಸುಧಾರಣೆಯ ಕಾಲ. ಮೈಸೂರು ಸರ್ಕಾರ 1909ರಲ್ಲಿ ಮುಜರಾಯಿ ದೇವಸ್ಥಾನಗಳಲ್ಲಿ ದೇವದಾಸಿಯರ ಸೇವೆಯನ್ನು ನಿಲ್ಲಿಸಿತು. ಮುಂಬಯಿ ಪ್ರಾಂತ್ಯ 1934ರಲ್ಲಿ ಕಾನೂನು ತಂದಿತು. ಕರ್ನಾಟಕ ತನ್ನ ದೇವದಾಸಿ ಸಮರ್ಪಣೆ ನಿಷೇಧ ಕಾಯ್ದೆಯನ್ನು 1982ರಲ್ಲಿ ಮಾಡಿತು. 1993-94 ಮತ್ತು 2007-08ರ ಎರಡು ಸಮೀಕ್ಷೆಗಳಲ್ಲಿ ರಾಜ್ಯ 46,660 ದೇವದಾಸಿಯರನ್ನು ಎಣಿಸಿತು. ಬಹುಪಾಲು ಉತ್ತರ ಕರ್ನಾಟಕದವರು. ಸುಧಾರಣೆ ಬೇಕಿತ್ತು, ಅದರಲ್ಲಿ ಎರಡು ಮಾತಿಲ್ಲ. ಆದರೆ ಗುಡಿಯ ಉಂಬಳಿ ತಪ್ಪಿದ ಹೆಂಗಸು ಮರುದಿನ ಏನು ಮಾಡಿ ಬದುಕಬೇಕೆಂಬ ಪ್ರಶ್ನೆಗೆ 1909ರ ಆದೇಶ ಉತ್ತರ ಕೊಡಲಿಲ್ಲ. ನಮ್ಮ ಸಾಹಿತ್ಯ, ಸಿನಿಮಾ ಸಹ ಕಣ್ಣೀರಿನಾಚೆ ಹೆಚ್ಚು ದೂರ ಹೋಗಲಿಲ್ಲ. ಎಂ.ಕೆ. ಇಂದಿರಾ ಅವರ ಕಾದಂಬರಿಯನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ 1969ರಲ್ಲಿ ತೆಗೆದ ‘ಗೆಜ್ಜೆ ಪೂಜೆ’ ದೊಡ್ಡ ಚಿತ್ರ. ಅದು ಕಾಣಿಸಿದ್ದು ಕಸುಬಿನಿಂದ ತಪ್ಪಿಸಿಕೊಳ್ಳಲಾಗದ ಮಗಳನ್ನು. ಕಸುಬಿನಲ್ಲಿದ್ದುಕೊಂಡೇ ಮಗಳನ್ನು ಓದಿಸಿ ನೌಕರಿಗೆ ಸೇರಿಸಿದ ತಾಯಿಯ ಚಿತ್ರ ಇನ್ನೂ ಬರಬೇಕು.

1986 ಎರಡು ಕಾರಣಕ್ಕೆ ಮುಖ್ಯವಾದ ವರ್ಷ. 1956ರ ಕಾಯ್ದೆಗೆ ದೊಡ್ಡ ತಿದ್ದುಪಡಿಯಾಗಿ ಈಗಿನ ಹೆಸರು ಬಂದದ್ದು ಆ ವರ್ಷ. ಮದ್ರಾಸಿನಲ್ಲಿ ಡಾ. ಸುನೀತಿ ಸಾಲೊಮನ್ ಮತ್ತು ಅವರ ವಿದ್ಯಾರ್ಥಿನಿ ಸೆಲ್ಲಪ್ಪನ್ ನಿರ್ಮಲಾ ದೇಶದ ಮೊದಲ ಎಚ್‌ಐವಿ ಸೋಂಕನ್ನು ಪತ್ತೆಮಾಡಿದ್ದೂ ಆಗಲೇ. ಆ ರಕ್ತದ ಮಾದರಿಗಳು ಸಿಕ್ಕಿದ್ದು ಪೊಲೀಸರು ಹಿಡಿದು ತಂದು ಗೃಹವೊಂದರಲ್ಲಿ ಇಟ್ಟಿದ್ದ ಹೆಂಗಸರಿಂದ. ಲಾಕ್ ಆಸ್ಪತ್ರೆಯ ನೆರಳು ಮತ್ತೆ ಬಿತ್ತೆಂದು ಅನೇಕರು ಹೆದರಿದರು. ಹಾಗಾಗದೆ ಉಳಿದದ್ದಕ್ಕೆ ಕಾರಣ ಸರ್ಕಾರದ ಜಾಣತನಕ್ಕಿಂತ ಹೆಚ್ಚಾಗಿ ಹೆಂಗಸರ ಸಂಘಟನೆಗಳು. ಕೋಲ್ಕತ್ತದ ಸೋನಾಗಾಚಿಯಲ್ಲಿ 1992ರಲ್ಲಿ ಡಾ. ಸ್ಮರಜಿತ್ ಜಾನಾ ಆರಂಭಿಸಿದ ಕೆಲಸ, ಅದೇ ಹೊತ್ತಿಗೆ ನಮ್ಮ ಗಡಿಯಾಚೆ ಸಾಂಗ್ಲಿಯಲ್ಲಿ ಹುಟ್ಟಿದ ‘ಸಂಗ್ರಾಮ್’, ಎರಡೂ ಒಂದು ಮಾತು ಕಲಿಸಿದವು: ಕಾಂಡೋಮ್ ಹಂಚಬೇಕಾದವಳು ಅದೇ ಕೆಲಸ ಮಾಡುವವಳು.

ಕರ್ನಾಟಕಕ್ಕೆ ಈ ಪಾಠ ಬಂದದ್ದು 2003ರ ನಂತರ. ಗೇಟ್ಸ್ ಪ್ರತಿಷ್ಠಾನದ ‘ಆವಾಹನ್’ ಯೋಜನೆ ಆರಿಸಿಕೊಂಡ ಆರು ರಾಜ್ಯಗಳಲ್ಲಿ ನಮ್ಮದೂ ಒಂದು. ಮೈಸೂರಿನಲ್ಲಿ 2004ರಲ್ಲಿ ಶುರುವಾದ ಕಾರ್ಯಕ್ರಮದಿಂದ ಆಶೋದಯ ಸಮಿತಿ ಎದ್ದುಬಂತು. ಬೆಂಗಳೂರಿನಲ್ಲಿ ಸ್ವಾತಿ ಮಹಿಳಾ ಸಂಘ, ಸಾಧನಾ ಮಹಿಳಾ ಸಂಘ, 2006ರಲ್ಲಿ ಕರ್ನಾಟಕ ಲೈಂಗಿಕ ಕಾರ್ಮಿಕರ ಯೂನಿಯನ್. ಮೈಸೂರಿನಲ್ಲಿ ಮೊದಲ ಸಲ ಪರೀಕ್ಷೆ ನಡೆಸಿದಾಗ ಸುಮಾರು ನಾಲ್ವರಲ್ಲಿ ಒಬ್ಬ ಹೆಂಗಸಿಗೆ ಸೋಂಕಿತ್ತು. ಆಶೋದಯದ ಹೆಂಗಸರು ಕಾಂಡೋಮಿನ ಮಾತಿಗೆ ಮೊದಲು ಹಿಡಿದದ್ದು ಬೇರೆ ಸಂಗತಿಗಳನ್ನು: ಪೊಲೀಸರ ಮತ್ತು ಪುಂಡರ ಹೊಡೆತ, ರಾತ್ರಿ ಹಿಡಿದೊಯ್ದಾಗ ಠಾಣೆಗೆ ಓಡಿಬರುವವರು ಯಾರೆಂಬುದು, ಮೀಟರ್ ಬಡ್ಡಿ, ಹಗಲು ಒಂದಿಷ್ಟು ಮಲಗಲು, ಸ್ನಾನ ಮಾಡಲು ಒಂದು ಜಾಗ. ಹೊಡೆತದ ಭಯ ಇರುವವಳು ಗಿರಾಕಿಯೊಡನೆ ಕಾಂಡೋಮಿಗಾಗಿ ಚೌಕಾಸಿ ಮಾಡುವುದಿಲ್ಲ, ಸಿಕ್ಕಿದ್ದನ್ನು ಒಪ್ಪಿಕೊಂಡು ಬೇಗ ಜಾಗ ಖಾಲಿಮಾಡುತ್ತಾಳೆ. ಇದನ್ನು ವಿದೇಶಿ ತಜ್ಞರು ಪ್ರಬಂಧಗಳಲ್ಲಿ ಬರೆದರು. ಬಸ್ ನಿಲ್ದಾಣದ ಹೆಂಗಸಿಗೆ ಮೊದಲೇ ಗೊತ್ತಿತ್ತು.

ಈ ಯೋಜನೆಗಳ ಕಾಗದದಲ್ಲೇ ಮೊದಲ ಬಾರಿಗೆ ಕರ್ನಾಟಕದ ಈ ಕೆಲಸದ ನಿಜವಾದ ರೂಪ ದಾಖಲಾಯಿತು. ಮುಂಬಯಿಯ ಕಾಮಾಟಿಪುರದಂಥ ಬೀದಿ ನಮ್ಮಲ್ಲಿ ಅಪರೂಪ. ಬೀದಿಯಲ್ಲಿ ನಿಲ್ಲುವವರು, ಮನೆಯಿಂದಲೇ ನಡೆಸುವವರು, ಲಾಡ್ಜು, ಡಾಬಾಗಳಿಗೆ ಹೋಗುವವರು, ಈಚೆಗೆ ಫೋನಿನಲ್ಲೇ ಎಲ್ಲ ಮುಗಿಸುವವರು. ಹಲವರು ಮದುವೆಯಾದವರು, ಮಕ್ಕಳಿರುವವರು, ಮನೆಯಲ್ಲಿ ವಿಷಯ ಮುಚ್ಚಿಟ್ಟವರು; ಜೊತೆಗೆ ಕೂಲಿ, ಗಾರ್ಮೆಂಟ್ಸು, ಮನೆಗೆಲಸ, ಹೂವಿನ ವ್ಯಾಪಾರ ಮಾಡುವವರು. ತೆಂಗಿನ ಸೀಮೆಯ ಮಟ್ಟಿಗೆ ಈ ಮಾತು ಬಹಳ ಮುಖ್ಯ. ನಮ್ಮಲ್ಲಿ ಇದಕ್ಕೆಂದೇ ಒಂದು ಬೀದಿಯಿಲ್ಲ, ಆದ್ದರಿಂದ ವಿಷಯವೂ ಇಲ್ಲ ಎಂದು ಭಾವಿಸುವುದು ಊರಿಗೆ ಹಿತ. ಉಂಡೆ ಕೊಬ್ಬರಿ ತುಂಬಿಕೊಂಡು ಉತ್ತರಕ್ಕೆ ಹೊರಡುವ ಲಾರಿಗಳು, ಗಣಿಯ ಭರಾಟೆಯಲ್ಲಿ ಚಿಕ್ಕನಾಯಕನಹಳ್ಳಿಯ ರಸ್ತೆ ಸವೆಸಿದ ಟಿಪ್ಪರುಗಳು, ಬೆಂಗಳೂರು–ಹೊನ್ನಾವರ ಹೆದ್ದಾರಿ, ರೈಲು, ಇವೆಲ್ಲ ಇರುವ ಸೀಮೆಯಲ್ಲಿ ಗಿರಾಕಿ ಇಲ್ಲದಿರಲು ಕಾರಣವೇ ಇಲ್ಲ. ಗಿರಾಕಿಯನ್ನು ಮಾತ್ರ ಯಾರೂ ಎಣಿಸುವುದಿಲ್ಲ.

ಕಾಯಿ ಸುಲಿಯುವವರಿಗೆ ಸಾವಿರ ಕಾಯಿಗೆ ಇಷ್ಟೆಂಬ ದರ ಊರಿಗೆಲ್ಲ ಗೊತ್ತು. ಕಮ್ಮಿ ಕೊಟ್ಟರೆ ನಾಳೆ ಯಾರೂ ಬರುವುದಿಲ್ಲ. ಈ ಕೆಲಸದಲ್ಲಿ ದರ ಬಾಯಿಮಾತು, ಮುಗಿದ ಮೇಲೆ ಕೊಡದೆ ಹೋದರೆ ಕೇಳುವ ಜಾಗವಿಲ್ಲ. ದೂರು ಕೊಡಲು ಹೋದರೆ ತಾನೇ ಆರೋಪಿಯಾಗುವ ಅಪಾಯ. ಲಾಡ್ಜಿನವನಿಗೆ, ಆಟೋದವನಿಗೆ, ತಲೆಹಿಡುಕನಿಗೆ ಪಾಲು ಹೋಗಿ ಉಳಿದದ್ದು ಅವಳದು. ಚಿಕ್ಕ ಊರಿನಲ್ಲಿ ಇದಕ್ಕೆ ಇನ್ನೊಂದು ಭಾರ ಸೇರುತ್ತದೆ: ಎಲ್ಲರೂ ಎಲ್ಲರನ್ನೂ ಬಲ್ಲರು. ಹಾಗಾಗಿ ಪಕ್ಕದ ಊರಿಗೆ ಬಸ್ಸು ಹತ್ತಿ ಹೋಗಿ ದುಡಿದು ಸಂಜೆಗೆ ವಾಪಸ್ಸಾಗುವುದು ಕರ್ನಾಟಕದ ಉದ್ದಕ್ಕೂ ಕಂಡ ರೂಢಿ. ಫೋನು ಬಂದಮೇಲೆ ನಿಲ್ದಾಣದಲ್ಲಿ ನಿಲ್ಲುವ ಅಗತ್ಯ ಕಮ್ಮಿಯಾಯಿತು, ಪೊಲೀಸರ ಕಾಟವೂ ಕೊಂಚ ಕಮ್ಮಿಯಾಯಿತು. ಆದರೆ ನಂಬರು, ಫೋಟೋ, ಯುಪಿಐ ಹೆಸರು ಗಿರಾಕಿಯ ಕೈಗೆ ಸಿಕ್ಕಿತು. ಬೆದರಿಕೆ ಹಾಕಿ ದುಡ್ಡು ಕೀಳಲು ಅಷ್ಟು ಸಾಕು.

ರಾಷ್ಟ್ರೀಯ ಏಡ್ಸ್ ನಿಯಂತ್ರಣ ಸಂಸ್ಥೆ ಸುಮಾರು ಅರವತ್ತು ಹೆಂಗಸರಿಗೆ ಅವರಲ್ಲೇ ಒಬ್ಬಳನ್ನು ಸಮಾನ ಶಿಕ್ಷಕಿಯಾಗಿ ನೇಮಿಸುತ್ತದೆ, ಗೌರವಧನ ಕೊಡುತ್ತದೆ. ನನ್ನ ದೃಷ್ಟಿಯಲ್ಲಿ ಅರ್ಧ ಶತಮಾನದ ಕಾನೂನು ಮಾಡದ್ದನ್ನು ಈ ಚಿಕ್ಕ ಹುದ್ದೆ ಮಾಡಿದೆ. ಗುರುತಿನ ಚೀಟಿ, ಆಸ್ಪತ್ರೆಯಲ್ಲಿ ಕುರ್ಚಿ, ಠಾಣೆಯಲ್ಲಿ ನಿಂತು ಮಾತಾಡುವ ಧೈರ್ಯ ಅವಳಿಗೆ ಅದರಿಂದ ಬಂತು. ರಾಜ್ಯ ಮಹಿಳಾ ಅಭಿವೃದ್ಧಿ ನಿಗಮದ ‘ಚೇತನ’ ಯೋಜನೆ ಬೇರೆ ದುಡಿಮೆ ಹಿಡಿಯಬೇಕೆನ್ನುವವರಿಗೆ ನೆರವು ಕೊಡುತ್ತದೆ. ಈ ಹೆಂಗಸರ ಸ್ಥಿತಿಗತಿ ಅಧ್ಯಯನಕ್ಕೆ ಸರ್ಕಾರ ರಚಿಸಿದ್ದ ಜಯಮಾಲಾ ಅಧ್ಯಕ್ಷತೆಯ ಸಮಿತಿ 2017ರಲ್ಲಿ ವರದಿ ಒಪ್ಪಿಸಿತು. ಮರುವರ್ಷ ಅವರೇ ಮಹಿಳಾ ಮತ್ತು ಮಕ್ಕಳ ಇಲಾಖೆಯ ಸಚಿವೆಯಾದರು. ಆದರೂ ಪಿಟಾ ಕೇಂದ್ರದ ಕಾಯ್ದೆ. ವಿಧಾನಸೌಧದಿಂದ ಅದರ ಇನ್ನೂರು ಮೀಟರು ಕದಲುವುದಿಲ್ಲ.

ಹೊರಗಿನ ಲೋಕ ಮೂರು ದಾರಿ ಹಿಡಿದಿದೆ. ನೆದರ್ಲೆಂಡ್ಸ್ 2000ದಲ್ಲಿ, ಜರ್ಮನಿ 2002ರಲ್ಲಿ ಪರವಾನಗಿ, ತೆರಿಗೆಯ ದಾರಿ ಹಿಡಿದವು. ಜರ್ಮನಿ 2017ರಲ್ಲಿ ನೋಂದಣಿ ಕಡ್ಡಾಯ ಮಾಡಿತು, ಹೆಸರು ಬರೆಸಲು ಹೆದರಿದ ಹೆಂಗಸರು ಅಕ್ರಮದ ಬದಿಗೇ ಉಳಿದರು. ಸ್ವೀಡನ್ 1999ರಿಂದ ಕೊಳ್ಳುವವನನ್ನು ಶಿಕ್ಷಿಸುತ್ತದೆ. ನ್ಯೂಜಿಲೆಂಡ್ 2003ರಲ್ಲಿ ಅಪರಾಧದ ಪಟ್ಟಿಯಿಂದಲೇ ಇದನ್ನು ತೆಗೆದು ಮಾಮೂಲಿ ಕಾರ್ಮಿಕ ಕಾನೂನಿನಡಿ ತಂದಿತು. ಬೆಲ್ಜಿಯಂ 2024ರ ಡಿಸೆಂಬರಿನಿಂದ ಕರಾರುಪತ್ರ, ಹೆರಿಗೆ ರಜೆ, ಪಿಂಚಣಿಯವರೆಗೆ ಹೋಗಿದೆ. ನಮ್ಮ ಸಂಘಟನೆಗಳು ಕೇಳುತ್ತಿರುವುದು ಹೆಚ್ಚಾಗಿ ನ್ಯೂಜಿಲೆಂಡಿನ ದಾರಿಯನ್ನು. ಪರವಾನಗಿ ಎಂದರೆ ಪೊಲೀಸರ ಕೈಗೆ ಇನ್ನೊಂದು ಕಾಗದ ಎಂಬುದು ಅವರ ಅನುಭವ. ಲಾಕ್ ಆಸ್ಪತ್ರೆಯ ಚೀಟಿಯ ಕತೆ ಓದಿದವರಿಗೆ ಆ ಅನುಮಾನ ಅತಿಯೆನಿಸುವುದಿಲ್ಲ.

2022ರ ಮೇ 19ರಂದು ಸುಪ್ರೀಂ ಕೋರ್ಟು ಬುದ್ಧದೇವ್ ಕರ್ಮಾಸ್ಕರ್ ಪ್ರಕರಣದಲ್ಲಿ ಆದೇಶ ಕೊಟ್ಟಾಗ ಎಷ್ಟೋ ಕಡೆ ‘ವೇಶ್ಯಾವೃತ್ತಿ ಇನ್ನು ಕಾನೂನುಬದ್ಧ’ ಎಂಬ ತಲೆಬರಹ ಬಂತು. ಆದೇಶ ಹೇಳುವುದು ಅಷ್ಟು ದೊಡ್ಡದನ್ನಲ್ಲ. ಕೋರ್ಟೇ 2011ರಲ್ಲಿ ನೇಮಿಸಿದ್ದ ಸಮಿತಿಯ ಹತ್ತು ಶಿಫಾರಸುಗಳಲ್ಲಿ ಕೇಂದ್ರ ಸರ್ಕಾರ ಆಕ್ಷೇಪಿಸದ ಆರನ್ನು ಪಾಲಿಸಿ ಎಂದಿತು: ಅತ್ಯಾಚಾರಕ್ಕೊಳಗಾದ ಲೈಂಗಿಕ ಕಾರ್ಯಕರ್ತೆಗೂ ಎಲ್ಲರಿಗಿರುವ ನೆರವು, ರಕ್ಷಣಾ ಗೃಹಗಳಲ್ಲಿ ಇಚ್ಛೆಯಿಲ್ಲದೆ ಇರಿಸಿದ ವಯಸ್ಕರ ಬಿಡುಗಡೆ, ಪೊಲೀಸರಿಂದ ಘನತೆಯ ನಡವಳಿಕೆ, ಕಾಂಡೋಮನ್ನು ಅಪರಾಧದ ಸಾಕ್ಷಿಯಾಗಿ ಬಳಸದಿರುವುದು, ಕಾನೂನು ಸೇವಾ ಪ್ರಾಧಿಕಾರಗಳಿಂದ ಹಕ್ಕುಗಳ ತಿಳಿವಳಿಕೆ, ಮಾಧ್ಯಮಗಳು ಗುರುತು ಬಯಲು ಮಾಡದಿರುವುದು. ಏಡ್ಸ್ ನಿಯಂತ್ರಣ ಸಂಸ್ಥೆಯ ಪ್ರಮಾಣಪತ್ರದ ಮೇಲೆ ಆಧಾರ್ ಕೊಡಬೇಕೆಂಬುದೂ ಸೇರಿತು. ಆ ಪೀಠದಲ್ಲಿ ಕರ್ನಾಟಕದವರೇ ಆದ ನ್ಯಾಯಮೂರ್ತಿ ಎ.ಎಸ್. ಬೋಪಣ್ಣ ಇದ್ದರು. ದಾಳಿಯಲ್ಲಿ ಹೆಂಗಸರನ್ನು ಬಂಧಿಸಬಾರದು, ಒಪ್ಪಿ ಮಾಡುವ ವಯಸ್ಕರ ಗೊಡವೆಗೆ ಪೊಲೀಸರು ಹೋಗಬಾರದು ಎಂಬ ದೊಡ್ಡ ಮಾತುಗಳಿಗೆ ಕೇಂದ್ರದ ಆಕ್ಷೇಪ ಇತ್ತು, ಅವು ಆ ಆರರಲ್ಲಿಲ್ಲ.

ಇಲ್ಲಿ ನಮ್ಮ ಸೀಮೆಯ ಕೈಯಲ್ಲಿ ಆಗುವುದೊಂದಿದೆ. ತಾಲ್ಲೂಕು ಕಾನೂನು ಸೇವಾ ಸಮಿತಿಗಳು ಆಸ್ತಿ, ಜೀವನಾಂಶದ ಶಿಬಿರ ನಡೆಸುವ ಹಾಗೆಯೇ ಈ ಹೆಂಗಸರಿಗೂ ಒಂದು ಶಿಬಿರ ನಡೆಸಲಿ. ಊರಲ್ಲಿ ಬೇಡವೆಂದರೆ ತುಮಕೂರಿನಲ್ಲಿ ನಡೆಸಲಿ. ದಾಳಿಯ ಸುದ್ದಿ ಬರೆಯುವ ವರದಿಗಾರರು, ವಾಟ್ಸ್ಯಾಪ್ ಗುಂಪಿಗೆ ವಿಡಿಯೋ ಹಾಕುವ ಪಡ್ಡೆಗಳು ಒಂದು ವಿಷಯ ಗಮನಿಸಬೇಕು: ಹಿಡಿದುತಂದ ಹೆಂಗಸಿನ ಮುಖ, ಹೆಸರು, ಊರು ತೋರಿಸಬಾರದೆಂಬುದು ಸಂಸತ್ತು ಹೊಸ ಕಾನೂನು ಮಾಡುವ ತನಕ ಇಡೀ ದೇಶಕ್ಕೆ ಅನ್ವಯಿಸುವ ಸುಪ್ರೀಂ ಕೋರ್ಟಿನ ಆದೇಶ.