ಬೇಹು

ಎದುರಾಳಿಗೆ ತಿಳಿಯದಂತೆ ಅವನ ನೆಲೆ, ಸುದ್ದಿ, ಚಲನವಲನಗಳನ್ನು ಅರಿಯುವುದೇ ಬೇಹು. ಇದು ಅಚ್ಚ ದ್ರಾವಿಡ ಪದ; ತಮಿಳಿನಲ್ಲಿ ವೇವು, ತೆಲುಗಿನಲ್ಲಿ ವೇಗು. ಮೊದಲ ವಕಾರ ಕನ್ನಡದಲ್ಲಿ ಬಕಾರವಾಗುವುದನ್ನು ತಮಿಳಿನ ವೇರು, ಕನ್ನಡದ ಬೇರುಗಳಲ್ಲೂ ಕಾಣಬಹುದು. ಬೇಹುಗಾರ, ಬೇಹುಗಾರಿಕೆ ಇದರಿಂದಲೇ ಬಂದವು.

ಈಗ ಈ ಪದ ಆಕಾಶಕ್ಕೇರಿದೆ. ಕಾರ್ಗಿಲ್ ಯುದ್ಧದ ಬಳಿಕ, 2001ರ ಅಕ್ಟೋಬರ್‌ನಲ್ಲಿ ಇಸ್ರೋ ಹಾರಿಸಿದ ಟಿಇಎಸ್ ಉಪಗ್ರಹ ಒಂದು ಮೀಟರ್‌ನಷ್ಟು ಸೂಕ್ಷ್ಮವಾಗಿ ನೆಲವನ್ನು ಚಿತ್ರಿಸಬಲ್ಲದಾಗಿತ್ತು. ಆದರೆ ಕ್ಯಾಮೆರಾಕ್ಕೆ ಮೋಡವೇ ಗೋಡೆ. ಆಷಾಢದಲ್ಲಿ ಮೂಡಿಗೆರೆ, ಕಳಸದ ಕಾಫಿ ತೋಟಗಳ ಮೇಲೆ ಮುಸುಕು ಬಿದ್ದಾಗ ಅಂಥ ಕಣ್ಣಿಗೆ ಬಿಳುಪಷ್ಟೇ ಕಾಣುತ್ತದೆ. ಮುಂಬೈ ದಾಳಿಯ ನಂತರ, 2009ರ ಏಪ್ರಿಲ್‌ನಲ್ಲಿ ಕಕ್ಷೆ ಸೇರಿದ ರಿಸ್ಯಾಟ್-2ರಲ್ಲಿದ್ದುದು ರೇಡಾರ್. ಅದು ತಾನೇ ಅಲೆ ಕಳಿಸಿ, ಮರಳಿದ ಪ್ರತಿಧ್ವನಿಯಿಂದ ಚಿತ್ರ ಕಟ್ಟುತ್ತದೆ. ಇರುಳು, ಮಳೆ, ಮೋಡ ಯಾವುದೂ ಅಡ್ಡಿಯಲ್ಲ.

ಪತ್ರಿಕೆಗಳು ‘ಗೂಢಚಾರ ಉಪಗ್ರಹ’ ಎಂದೂ ಬರೆಯುತ್ತವೆ. ನನಗೆ ‘ಬೇಹು ಉಪಗ್ರಹ’ವೇ ಸರಿ. ಗೂಢಚಾರನದು ಗುಟ್ಟಿನ ಸಂಚಾರ. ಉಪಗ್ರಹದ ದಾರಿಯನ್ನಾದರೋ ಹವ್ಯಾಸಿ ಖಗೋಳವೀಕ್ಷಕರೂ ಲೆಕ್ಕಹಾಕಬಲ್ಲರು. ಗುಟ್ಟಾಗಿರುವುದು ಅದು ಕಂಡದ್ದು ಮಾತ್ರ.

ಸೇನೆಯ ಉಪಗ್ರಹಗಳೆಲ್ಲ ಬೇಹಿನವಲ್ಲ. 2013ರಲ್ಲಿ ನೌಕಾಪಡೆಗಾಗಿ ಹಾರಿದ ಜಿಸ್ಯಾಟ್-7 ಹಡಗುಗಳ ನಡುವೆ ಸಂದೇಶ ಒಯ್ಯುವಂಥದ್ದು. ಅದರ ನಿಯಂತ್ರಣ ಹಾಸನದ ಇಸ್ರೋ ಕೇಂದ್ರದ್ದು. ಅದನ್ನು ಓಲೆಕಾರ ಎನ್ನಬಹುದು, ಬೇಹುಗಾರ ಎನ್ನಲಾಗದು.